ಅಲಾಸ್ಕಾದ ಟ್ಲಿಂಗಿಟ್, ಹೈಡಾ ಜನರಿಗೆ ನೆಲದ ದುಡ್ಡು ಬಂತಂತೆ, ಹಾಗಾದ್ರೆ ಅವರು ಗೆದ್ದ ಹಾಗೆ ಆಯ್ತಾ?

ಹಿನ್ನೀರಿನ ಹುಡುಗ:

ಎಲ್ಲರಿಗೂ ನಮಸ್ಕಾರ. ನಾನು ಬಾಗಲಕೋಟೆ ನವನಗರದವನು. ಮೂಲ ಊರು ಘಟಪ್ರಭಾ ದಂಡೆ ಮೇಲಿತ್ತು, ಆಲಮಟ್ಟಿ ಹಿನ್ನೀರಿನಲ್ಲಿ ಹೋಯಿತು. ಬೇಸಿಗೆಯಲ್ಲಿ ನೀರು ಇಳಿದಾಗ ನಮ್ಮ ಅಜ್ಜ ಈಗಲೂ ಒಮ್ಮೆ ಹೋಗಿ ಬರುತ್ತಾರೆ. ಹನುಮಪ್ಪನ ಗುಡಿಯ ಕಟ್ಟೆ ಅಷ್ಟೇ ಕಾಣುತ್ತದೆ. ಅದರ ಮೇಲೆ ಕೂತು ಒಂದು ಬೀಡಿ ಸೇದಿ ಎದ್ದು ಬರುತ್ತಾರೆ.

ಮೊನ್ನೆ ಸುಮ್ನೆ ಓದ್ತಾ ಕೂತಿದ್ದಾಗ ಅಲಾಸ್ಕಾದ ಆಗ್ನೇಯ ತುದಿಯ ಈ ಎರಡು ಜನಾಂಗಗಳ ವಿಷಯ ಸಿಕ್ಕಿತು. 1867ರಲ್ಲಿ ರಷ್ಯಾ ಅಲಾಸ್ಕಾವನ್ನು 72 ಲಕ್ಷ ಡಾಲರಿಗೆ ಅಮೆರಿಕಾಕ್ಕೆ ಮಾರಿತು, ಅಲ್ಲಿ ಇದ್ದವರನ್ನು ಯಾರೂ ಒಂದು ಮಾತು ಕೇಳಲಿಲ್ಲ. ಆಮೇಲೆ 1907ರಲ್ಲಿ ಟೋಂಗಾಸ್ ಅಂತ ದೊಡ್ಡ ಸರ್ಕಾರಿ ಕಾಡು ಮಾಡಿದರು, ಇವರು ಮೀನು ಹಿಡಿಯುವ ಹೊಳೆ, ಹಣ್ಣು ಕೀಳುವ ಗುಡ್ಡ ಎಲ್ಲ ಅದರೊಳಗೆ ಸೇರಿಹೋಯಿತು. ಇವರು ಕೋರ್ಟಿಗೆ ಹೋಗಿ 1968ರಲ್ಲಿ 75 ಲಕ್ಷ ಡಾಲರ್ ಪಡೆದರಂತೆ. ಇದನ್ನು ಗೆಲುವು ಅಂತ ಬರೆದಿದ್ದಾರೆ. ಅಜ್ಜನಿಗೆ ಹೇಳಿದೆ. ಅವರು ಕೇಳಿದ್ದು ಒಂದೇ ಪ್ರಶ್ನೆ: ‘ಯಾವ ವರ್ಷದ ರೇಟು?’ ನನಗೆ ಉತ್ತರ ಗೊತ್ತಿರಲಿಲ್ಲ. ತಿಳಿದವರು ಹೇಳಿ. ಅವರ ದೇವರು, ಸಾಮಾನು, ಹಾಡು ಇವೆಲ್ಲ ಏನಾದವು ಅನ್ನೋದನ್ನೂ ಹೇಳಿ.

ಕರಿಕೋಟು:

ನಿಮ್ಮ ಅಜ್ಜನವರು ಒಳ್ಳೆ ವಕೀಲರಾಗಬೇಕಿತ್ತು ತಮ್ಮಾ. ಇಡೀ ಕೇಸಿನ ಜೀವ ಅದೇ ಪ್ರಶ್ನೆಯಲ್ಲಿದೆ. ಉತ್ತರ: ಕಿತ್ತುಕೊಂಡ ವರ್ಷದ ರೇಟು. ಅಂದರೆ 1900ರ ಆಸುಪಾಸಿನ ಬೆಲೆ, 1968ರಲ್ಲಿ. ಸುಮಾರು 1 ಕೋಟಿ 60 ಲಕ್ಷ ಎಕರೆಗೆ 75 ಲಕ್ಷ ಡಾಲರ್, ಎಕರೆಗೆ ಅರ್ಧ ಡಾಲರ್ ಕೂಡ ಬೀಳಲಿಲ್ಲ.

ಮೊದಲಿಂದ ಹೇಳ್ತೀನಿ. 1912ರಲ್ಲಿ ಸಿಟ್ಕಾ ಊರಿನಲ್ಲಿ ಅವರದೇ ಒಂದು ಸಂಘ ಶುರುವಾಯಿತು, ಅಲಾಸ್ಕಾ ನೇಟಿವ್ ಬ್ರದರ್‌ಹುಡ್ ಅಂತ. 1929ರಲ್ಲಿ ಹೇನ್ಸ್ ಊರಿನ ಸಮಾವೇಶದಲ್ಲಿ ‘ನೆಲಕ್ಕಾಗಿ ದಾವೆ ಹಾಕೋಣ’ ಅಂತ ಠರಾವು ಮಾಡಿದರು. ಆದರೆ ಸರ್ಕಾರದ ಮೇಲೆ ದಾವೆ ಹಾಕೋಕೆ ಸರ್ಕಾರದ್ದೇ ಅನುಮತಿ ಬೇಕು, ಅದಕ್ಕೊಂದು ಕಾನೂನು ಬರೋ ಹೊತ್ತಿಗೆ 1935 ಆಯಿತು. 1959ರಲ್ಲಿ ಕೋರ್ಟು ‘ಹೌದು, ಈ ನೆಲ ಇವರದೇ ಆಗಿತ್ತು’ ಅಂತ ಒಪ್ಪಿತು. ದುಡ್ಡಿನ ಲೆಕ್ಕ ಮುಗಿಯಲು ಇನ್ನೂ 9 ವರ್ಷ. ಠರಾವು ಮಾಡಿದ ಎಷ್ಟು ಜನ ಆ ದಿನ ನೋಡಲು ಉಳಿದಿದ್ದರೋ!

ನಡುವೆ 1955ರಲ್ಲಿ ಒಂದು ದೊಡ್ಡ ಏಟು ಬಿತ್ತು. ಟೀ-ಹಿಟ್-ಟಾನ್ ಅನ್ನೋದು ಟ್ಲಿಂಗಿಟ್‌ರ ಒಂದು ಕುಲ. ಆ ಸಂಘದ ಮುಖಂಡರಲ್ಲೊಬ್ಬರಾದ ವಿಲಿಯಂ ಪಾಲ್ ಅದೇ ಕುಲದವರು, ವಕೀಲರೂ ಹೌದು. ಟೋಂಗಾಸ್ ಕಾಡಿನ ಮರಗಳನ್ನು ಸರ್ಕಾರ ಕಾಗದದ ತಿರುಳಿಗೆ ಮಾರಿದಾಗ ‘ನಮ್ಮ ಮರದ ದುಡ್ಡು ಕೊಡಿ’ ಅಂತ ಈ ಕುಲ ಸುಪ್ರೀಂ ಕೋರ್ಟ್ ತನಕ ಹೋಯಿತು. ಕೋರ್ಟು ಹೇಳಿದ್ದು ನಮ್ಮ ಭಾಷೆಯಲ್ಲಿ ಇಷ್ಟು: ನೀವು ಅಲ್ಲಿ ಇದ್ದದ್ದು ನಿಜ, ಆದರೆ ನಿಮ್ಮ ಹೆಸರಲ್ಲಿ ಉತಾರ ಇಲ್ಲ. ಸಂಸತ್ತು ಹಕ್ಕು ಅಂತ ಒಪ್ಪದೇ ಇರುವ ನೆಲವನ್ನು ತೆಗೆದುಕೊಂಡರೆ ಸಂವಿಧಾನದ ಪ್ರಕಾರ ಪರಿಹಾರ ಕೊಡಬೇಕಾಗಿಲ್ಲ.

ಹೋಲಿಕೆಗೆ ಹೇಳ್ತೀನಿ. ನಮ್ಮ ಹಳೇ 1894ರ ಭೂಸ್ವಾಧೀನ ಕಾಯ್ದೆಯಲ್ಲೂ ನೆಲ ಬೇಕು ಅಂತ ಸರ್ಕಾರ ಮೊದಲು ಹೊರಡಿಸುವ 4(1) ನೋಟಿಸ್ ದಿನದ ಬೆಲೆಯೇ. ಆದರೆ ಅದರ ಮೇಲೆ ಶೇಕಡಾ 30 ಸೊಲೇಷಿಯಂ ಅಂತ ಹೆಚ್ಚುವರಿ ಪರಿಹಾರ ಇತ್ತು, ತಡವಾದರೆ ಬಡ್ಡಿ ಇತ್ತು, ಸಾಲದು ಅನ್ನಿಸಿದರೆ 18ನೇ ಕಲಂ ಕೆಳಗೆ ಕೋರ್ಟಿಗೆ ಹೋಗಬಹುದಿತ್ತು. ನನ್ನ ಅರ್ಧ ಆಯುಷ್ಯ ಆ 18ನೇ ಕಲಮಿನಲ್ಲೇ ಹೋಗಿದೆ ಬಿಡಿ. ಮುಳುಗಡೆ ರೈತರು ಎಷ್ಟು ತಿಪ್ಪಲು ಪಟ್ಟಿದ್ದಾರೆ ಅಂತ ಕಣ್ಣಾರೆ ನೋಡಿದವನು ನಾನು. ಆದರೂ ಅವರ ಕೈಯಲ್ಲಿ ಒಂದು ಉತಾರ ಇತ್ತು.

ಜಮಖಂಡಿ ಜವಾರಿ:

ವಕೀಲರು ಅರ್ಧ ಕಥೆ ಹೇಳಿದ್ದಾರೆ. 1971ರದ್ದು ಯಾಕೆ ಬಿಟ್ಟಿರಿ ಸಾಹೇಬ್ರ? ಆ ವರ್ಷ ಡಿಸೆಂಬರ್‌ನಲ್ಲಿ ಅಲಾಸ್ಕಾದ ಎಲ್ಲ ಮೂಲ ಜನರಿಗೂ ಸೇರಿ 4 ಕೋಟಿ 40 ಲಕ್ಷ ಎಕರೆ ಮತ್ತು 96 ಕೋಟಿ 25 ಲಕ್ಷ ಡಾಲರ್ ಅಂತ ಕಾನೂನು ಆಯಿತು. ಉತ್ತರದಲ್ಲಿ ಎಣ್ಣೆ ಸಿಕ್ಕಿತ್ತು, ಪೈಪ್‌ಲೈನ್ ಹಾಕಬೇಕಿತ್ತು, ಅದಕ್ಕೇ ಸರ್ಕಾರಕ್ಕೆ ಒಮ್ಮೆಲೇ ನ್ಯಾಯದ ಮೇಲೆ ಪ್ರೀತಿ ಬಂತು.

ಆದರೆ ನೆಲವನ್ನು ಕುಲಗಳ ಕೈಗೆ ಕೊಡಲಿಲ್ಲ. ಪ್ರದೇಶಕ್ಕೊಂದು, ಊರಿಗೊಂದು ಅಂತ ಕಂಪನಿ ಮಾಡಿ, ಜನರಿಗೆ ಷೇರು ಹಂಚಿದರು. ಟ್ಲಿಂಗಿಟ್, ಹೈಡಾ ಭಾಗದ ಕಂಪನಿ ಸೀಅಲಾಸ್ಕಾ. ಕಂಪನಿ ಅಂದಮೇಲೆ ಲಾಭ ಬೇಕಲ್ಲ, ಅವರೇ ತಮ್ಮ ಕಾಡು ಕಡಿದು ಮಾರಿದರು, 2021ರಲ್ಲಿ ಸಾಕು ಅಂತ ನಿಲ್ಲಿಸಿದರು. ಕಾನೂನು ಬಂದ ದಿನದ ನಂತರ ಹುಟ್ಟಿದ ಮಕ್ಕಳಿಗೆ ಮೊದಲು ಷೇರೇ ಇರಲಿಲ್ಲ. ಹೇನ್ಸ್, ಕೆಚಿಕಾನ್, ಪೀಟರ್ಸ್‌ಬರ್ಗ್, ಟೆನಕೀ, ರ‍್ಯಾಂಗೆಲ್ ಈ 5 ಊರಿನವರಿಗೆ ಊರ ಕಂಪನಿಯ ಲೆಕ್ಕದಲ್ಲಿ ಒಂದು ಗುಂಟೆಯೂ ಸಿಗಲಿಲ್ಲ. ಠರಾವು ಹುಟ್ಟಿದ್ದೇ ಹೇನ್ಸ್‌ನಲ್ಲಿ, ನೆಲ ಸಿಕ್ಕ ಊರುಗಳ ಪಟ್ಟಿಯಲ್ಲಿ ಹೇನ್ಸ್ ಇಲ್ಲ, ನೋಡ್ರಿ.

ಏನೇ ಆಗಲಿ, ಬರೀ ದುಡ್ಡು ಅಂತ ಹಗುರ ಮಾಡಬೇಡಿ. ನಮ್ಮ ಮನೆಯವರು ಪರಿಹಾರದ ದುಡ್ಡಲ್ಲೇ ಎರಡು ಬೋರು ಹಾಕಿಸಿ ಕಬ್ಬು ಮಾಡಿದ್ದೀವಿ. ದುಡ್ಡು ಬೇಡ ಅಂದವರನ್ನು ನಾನಂತೂ ನೋಡಿಲ್ಲ.

ಇಳಕಲ್ ಅಕ್ಕ:

ನೆಲದ ಕಾನೂನು ನನಗೆ ತಿಳಿಯದು. ಸಾಮಾನು ಏನಾಯಿತು ಅಂತ ಹುಡುಗ ಕೇಳಿದ್ದಕ್ಕೆ ಯಾರೂ ಹೇಳಲಿಲ್ಲ, ಅದಕ್ಕೆ ಬರೀತಿದ್ದೀನಿ. ನಮ್ಮ ಮನೆಯಲ್ಲಿ ಮಗ್ಗ ಇದೆ, ಆದ್ದರಿಂದ ಅವರ ಚಿಲ್ಕಾಟ್ ಹೊದಿಕೆ ಬಗ್ಗೆ ಸ್ವಲ್ಪ ಜಾಸ್ತಿನೇ ತಲೆ ಕೆಡಿಸಿಕೊಂಡಿದ್ದೀನಿ.

ಬೆಟ್ಟದ ಮೇಕೆಯ ಉಣ್ಣೆ, ಒಳಗೆ ಸೀಡರ್ ಮರದ ತೊಗಟೆಯ ನಾರು, ಎರಡನ್ನೂ ಸೇರಿಸಿ ತೊಡೆಯ ಮೇಲೆ ಹೊಸೆದು ಹಾಸು ಮಾಡುತ್ತಾರೆ. ಮಗ್ಗ ಅಂದರೆ ಎರಡು ಕಂಬ, ಒಂದು ಅಡ್ಡಪಟ್ಟಿ. ಹಾಸು ಕೆಳಗೆ ಬಿಗಿದಿರಲ್ಲ, ಸುಮ್ನೆ ಜೋತಾಡುತ್ತಿರುತ್ತದೆ! ಲಾಳಿಯೂ ಇಲ್ಲ. ಬೆರಳಲ್ಲೇ ಒಂದೊಂದು ಎಳೆ ಹೆಣೆಯಬೇಕು. ಆ ಜೋತಾಡುವ ಹಾಸಿನ ಮೇಲೆ ಗುಂಡನೆಯ ಕಣ್ಣು ತೆಗೀತಾರೆ, ನಿಜವಾಗಿ ಗುಂಡಗೆ. ನಾವು ಸೆರಗಿನ ಹಾಸನ್ನು ಒಡಲಿನ ಹಾಸಿಗೆ ಒಂದೊಂದೇ ಎಳೆ ಕೊಂಡಿ ಹಾಕಿ ಕೂಡಿಸುವಾಗಲೇ ಕಣ್ಣು ನೀರಾಡುತ್ತದೆ. ಅವರದು ಒಂದು ಹೊದಿಕೆ ಮುಗಿಯೋಕೆ ವರ್ಷ ಬೇಕಂತೆ, ನನಗೇನೂ ಆಶ್ಚರ್ಯ ಆಗಲಿಲ್ಲ.

ಆ ಕಣ್ಣು, ಆ ಮೀನು, ಆ ಕಾಗೆ ಯಾರು ಬೇಕಾದರೂ ಹಾಕುವಂತಿಲ್ಲ. ಒಂದೊಂದು ಗುರುತು ಒಂದೊಂದು ಕುಲದ್ದು. ಕುಲ ಬರುವುದು ತಾಯಿ ಕಡೆಯಿಂದ. ಇಂಥ ಆಸ್ತಿಗೆ ಅವರು ‘ಅಟ್ ಊ’ ಅಂತಾರೆ. ಟೊಪ್ಪಿಗೆ, ಹಾಡು, ಹೆಸರು, ಒಂದು ಗುಡ್ಡ ಕೂಡ ಅಟ್ ಊ ಆಗಬಹುದು. ಇಟ್ಟುಕೊಂಡವನು ಬರೀ ಪಾರುಪತ್ಯಗಾರ, ಮಾರುವ ಹಕ್ಕು ಅವನಿಗಿಲ್ಲ. ನಮ್ಮ ಊರ ದೇವರ ಬೆಳ್ಳಿ ಮುಖ ಪೂಜಾರಿ ಮನೆಯಲ್ಲಿರುತ್ತೆ, ಹಾಗಂತ ಅದು ಪೂಜಾರಿದಲ್ಲ, ಅಲ್ವಾ? ಹಂಗೇ.

ಅಂಥದೊಂದು ಕೊಲೆಗಾರ ತಿಮಿಂಗಿಲದ ಟೊಪ್ಪಿಗೆ 1904ರಲ್ಲಿ ಸ್ಮಿತ್‌ಸೋನಿಯನ್ ಮ್ಯೂಸಿಯಂ ಸೇರಿತ್ತು. ಕುಲದವರಿಗೆ ವಾಪಸ್ ಸಿಕ್ಕಿದ್ದು 2005ರಲ್ಲಿ. ಆ ಕುಲದ ಹಿರಿಯರು ಆಸ್ಪತ್ರೆಯಲ್ಲಿ ಕೊನೆ ದಿನಗಳಲ್ಲಿದ್ದರು, ಅಲ್ಲಿಗೇ ತಂದುಕೊಟ್ಟರು, ಆಮೇಲೆ ಕೆಲವೇ ದಿನಕ್ಕೆ ಅವರು ತೀರಿಕೊಂಡರು. ಕುಲದವರ ಒಪ್ಪಿಗೆ ತಗೊಂಡು ಮ್ಯೂಸಿಯಂನವರು ಕಂಪ್ಯೂಟರಿನಲ್ಲಿ ಅಳತೆ ಹಿಡಿದು ತಮಗೊಂದು ನಕಲು ಮಾಡಿಕೊಂಡಿದ್ದಾರೆ. ಅಸಲು ಮ್ಯೂಸಿಯಂನಲ್ಲಿ, ನಕಲು ಊರಲ್ಲಿ ಅನ್ನೋದನ್ನೇ ಕೇಳಿದ್ದೆ, ಇದು ಉಲ್ಟಾ, ಓದಿ ಖುಷಿಯಾಯಿತು.

ಜಮಖಂಡಿ ಅಣ್ಣಾರೇ, ದುಡ್ಡು ಬೇಡ ಅಂತ ನಾನೂ ಹೇಳಲ್ಲ. ಆದರೆ ಅಂಗೂನ್ ಅನ್ನೋ ಟ್ಲಿಂಗಿಟ್ ಊರಿನ ಕಥೆ ಕೇಳಿ. 1882ರಲ್ಲಿ ಅಮೆರಿಕಾ ನೌಕಾಪಡೆ ಆ ಊರಿನ ಮೇಲೆ ಗುಂಡು ಹಾರಿಸಿ ಮನೆ, ದೋಣಿ, ಚಳಿಗಾಲಕ್ಕೆ ಕೂಡಿಟ್ಟ ಆಹಾರ ಎಲ್ಲ ಸುಟ್ಟಿತು. 1973ರಲ್ಲಿ 90,000 ಡಾಲರ್ ಪರಿಹಾರ ಸಿಕ್ಕಿತು. ಅವರು ಸುಮ್ಮನಾದರಾ? ಇಲ್ಲ, ‘ತಪ್ಪಾಯಿತು ಅಂತ ಹೇಳಿ’ ಅಂತ ಕೇಳುತ್ತಲೇ ಇದ್ದರು. 2024ರ ಅಕ್ಟೋಬರ್‌ನಲ್ಲಿ ನೌಕಾಪಡೆಯವರು ಊರಿಗೇ ಬಂದು ಕ್ಷಮೆ ಕೇಳಿದರು. ದುಡ್ಡು ಬಂದು 51 ವರ್ಷದ ಮೇಲೆ.

ಜಮಖಂಡಿ ಜವಾರಿ:

ಇದು ಗೊತ್ತಿರಲಿಲ್ಲ ಅಕ್ಕಾರ. ನಮ್ಮ ಕಡೆ ಕಚೇರಿಯೊಂದರಲ್ಲಿ ನಮ್ಮ ಅಪ್ಪನನ್ನು ಮೂರು ವರ್ಷ ಒಂದು ಸಹಿಗೆ ಅಲೆಸಿದ್ದರು. ಚೆಕ್ ಬಂತು, ಕೂತ್ಕೊಳ್ಳಿ ಅಂತ ಮಾತ್ರ ಯಾರೂ ಅನ್ನಲಿಲ್ಲ. ಅಪ್ಪ ಇವತ್ತೂ ಚೆಕ್ಕಿನ ಮೊತ್ತ ಹೇಳಲ್ಲ, ಆ ನಿಂತ ಮಾತೇ ಹೇಳ್ತಾರೆ.

ಹಿನ್ನೀರಿನ ಹುಡುಗ:

ಎಲ್ಲರಿಗೂ ಥ್ಯಾಂಕ್ಸ್. ರಾತ್ರಿ ಅಜ್ಜನಿಗೆ ಎಲ್ಲ ಓದಿ ಹೇಳಿದೆ. ಎಕರೆಗೆ ಅರ್ಧ ಡಾಲರ್ ಅಂದಾಗ ನಕ್ಕರು. ಟೊಪ್ಪಿಗೆ ಕಥೆಗೆ ಮಾತ್ರ ಸ್ವಲ್ಪ ಹೊತ್ತು ಏನೂ ಅನ್ನಲಿಲ್ಲ. ಆಮೇಲೆ ಹೇಳಿದರು: ಊರು ಬಿಡುವಾಗ ಹನುಮಪ್ಪನ ಮೂರ್ತಿ ಹೊಸ ಗುಡಿಗೆ ಬಂತು, ಆದರೆ ಗುಡಿಯ ಹಿತ್ತಾಳೆ ಗಂಟೆ ಯಾರ ಟ್ರ್ಯಾಕ್ಟರಿನಲ್ಲಿ ಹೋಯಿತು ಅನ್ನೋದು ಇನ್ನೂ ಪತ್ತೆಯಿಲ್ಲ. ಮೇಲೆ ಕೊಟ್ಟವರ ಹೆಸರು ಕೆತ್ತಿತ್ತಂತೆ, ಮುತ್ತಜ್ಜಂದು. ಹಳೇ ಊರಿನವರು ಈಗ ಮೂರು ಕಡೆ ಚದುರಿದ್ದಾರೆ. ಭಾನುವಾರ ಗಾಡಿ ತೆಗೆದುಕೊಂಡು ಮೂರೂ ಕಡೆ ಕೇಳಿ ಬರೋಣ ಅಂತಿದ್ದಾರೆ ಅಜ್ಜ. ಪೆಟ್ರೋಲ್ ನಂದು.