ತೋಟದ ಮನೆಗೆ ರಜೆಗೆ ಹೊರಟಿದ್ದೇವೆ, ನಿಮ್ಮ ಫಜೀತಿಗಳನ್ನು ಹೇಳಿ

ನಾವು ಹುಟ್ಟಿ ಬೆಳೆದಿದ್ದೆಲ್ಲ ಪೇಟೆಯಲ್ಲೇ. ಮುಂದಿನ ವಾರ ಮಕ್ಕಳ ಜೊತೆ ಐದು ದಿನ ಹಳ್ಳಿಯ ತೋಟದ ಮನೆಯಲ್ಲಿ ಇರುತ್ತೇವೆ. ಹೋಗಿ ಬಂದವರು ಏನೇನು ಎಡವಟ್ಟಾಯಿತು ಹೇಳಿ. ಅದನ್ನೇ ನಾವೂ ಮಾಡುವುದು ಬೇಡ ಅಲ್ವಾ?

—

ಮೊದಲು ಗೇಟ್. ತೆರೆದಿದ್ದರೆ ಹಾಗೇ ಬಿಡಿ, ಮುಚ್ಚಿದ್ದರೆ ದಾಟಿದ ಕೂಡಲೇ ಮುಚ್ಚಿ. ನಾನು ಫೋಟೊ ತೆಗೆಯುವ ಗಡಿಬಿಡಿಯಲ್ಲಿ ಚಿಲಕ ಹಾಕಲಿಲ್ಲ, ಹತ್ತು ನಿಮಿಷದಲ್ಲಿ ಆರು ಹಸುಗಳು ತರಕಾರಿ ಮಡಿಗೆ ನುಗ್ಗಿದ್ದವು. ಓಡಿಸೋಣ ಅಂತ ಒಂದರ ಬಾಲದ ಹಿಂದೆಯೇ ಹೋದೆ. ಹಸುವಿಗೆ ಎರಡೂ ಪಕ್ಕ ಚೆನ್ನಾಗಿ ಕಾಣುತ್ತದೆ, ನೇರ ಹಿಂದೆ ಇರುವುದು ಮಾತ್ರ ಕಾಣುವುದಿಲ್ಲ. ಅದು ಬೆಚ್ಚಿಬಿದ್ದು ಝಾಡಿಸಿತು, ಒದೆ ಬಿದ್ದದ್ದು ಅಲ್ಲಿದ್ದ ಬಕೆಟ್‌ಗೆ, ಬಕೆಟ್‌ನಲ್ಲಿದ್ದ ಸಗಣಿ ನೀರು ಪೂರ್ತಿ ನನ್ನ ಮೇಲೆ. ಕಿವಿಯೊಳಗೂ ಹೋಗಿತ್ತು. ಆಮೇಲೆ ಮನೆಯ ಅಜ್ಜಿ ಬಂದು ಹಸುಗಳ ಪಕ್ಕದಲ್ಲಿ ಸುಮ್ನೆ ಮಾತಾಡಿಸುತ್ತಾ ನಡೆದರು, ಆರೂ ಸಾಲಾಗಿ ವಾಪಸ್ ಹೋದವು! ಮಕ್ಕಳಿಗೆ ಇದನ್ನು ಖಂಡಿತ ಹೇಳಿಕೊಡಿ, ಕರು ಜೊತೆಗಿದ್ದರಂತೂ ಹತ್ತಿರ ಹೋಗುವುದೇ ಬೇಡ.

—

ಮಳೆಗಾಲವಾದರೆ ಜಿಗಣೆ ನೋಡಿಕೊಳ್ಳಿ. ನನ್ನ ಕಾಲ್ಚೀಲ ಕೆಂಪಾಗಿದ್ದು ಕಂಡು ನಾನು ಕಿರುಚಿದ ಜೋರಿಗೆ ಅಕ್ಕಪಕ್ಕದ ಮನೆಯವರೆಲ್ಲ ಓಡಿ ಬಂದರು. ಅದು ಕಚ್ಚುವಾಗ ಗೊತ್ತೇ ಆಗುವುದಿಲ್ಲ, ಅದರ ಎಂಜಲಿನಿಂದ ರಕ್ತ ಬೇಗ ಹೆಪ್ಪುಗಟ್ಟುವುದಿಲ್ಲ, ಅದಕ್ಕೇ ಜಾಸ್ತಿ ಹೊತ್ತು ಸುರಿಯುತ್ತದೆ. ಹೆದರಬೇಡಿ. ಉಪ್ಪು ಹಾಕಿದರೆ ಅದು ಗಾಯದೊಳಗೇ ಕಕ್ಕಬಹುದು, ಹಾಗಾಗಿ ಉಗುರನ್ನು ಚರ್ಮಕ್ಕೆ ಒತ್ತಿ ಅದರ ಬಾಯಿಯ ಕೆಳಗೆ ಜಾರಿಸಿ ಬಿಡಿಸಿ, ಸೋಪಿನಲ್ಲಿ ತೊಳೆದು ಬಟ್ಟೆ ಒತ್ತಿ ಹಿಡಿಯಿರಿ.

—

ನನ್ನದು ಹುಂಜದ ಕಥೆ. ಮೊದಲ ರಾತ್ರಿ ಮೂರು ಗಂಟೆಗೇ ಶುರು ಮಾಡಿತು. ಕತ್ತಲಿದ್ದರೆ ಸುಮ್ಮನಿರುತ್ತದೆ ಅಂದುಕೊಂಡು ಮರುದಿನ ನನ್ನ ಕಂಬಳಿಯನ್ನೇ ಗೂಡಿಗೆ ಹೊದಿಸಿದೆ. ಮೂರಕ್ಕೆ ಮತ್ತೆ ಕೂಗಿತು, ನಾನು ಚಳಿಯಲ್ಲಿ ನಡುಗುತ್ತಾ ಕೇಳಿದೆ. ಹುಂಜ ಕೂಗುವುದು ಬೆಳಕು ನೋಡಿಯೇ ಅಲ್ಲ, ಅದರ ಮೈಯೊಳಗೇ ಒಂದು ಗಡಿಯಾರ ಇದೆ ಅಂತ ಜಪಾನಿನ ವಿಜ್ಞಾನಿಗಳು 2013ರಲ್ಲೇ ತೋರಿಸಿಕೊಟ್ಟಿದ್ದಾರಂತೆ, ನನಗೆ ಗೊತ್ತಾಗಿದ್ದು ಊರಿಗೆ ವಾಪಸ್ ಬಂದ ಮೇಲೆ. ಕಿವಿಗೆ ಹತ್ತಿ ತೆಗೆದುಕೊಂಡು ಹೋಗಿ, ಕಂಬಳಿ ನೀವೇ ಹೊದ್ದುಕೊಳ್ಳಿ.