ಕ್ರೋಶಾ ಹೊದಿಕೆ ಮೇಲೆ ಹೋದ ಹಾಗೆ ಕಿರಿದಾಗುತ್ತಿದೆ. ಬಿಚ್ಚದೆ ಸರಿ ಮಾಡಬಹುದಾ?

ಉಲ್ಲನ್‌ಬುಟ್ಟಿ:
ಎಲ್ಲರಿಗೂ ನಮಸ್ಕಾರ. ಸೋಫಾ ಮೇಲೆ ಹಾಕಲು ಅಫ್ಘನ್ ಹೊದಿಕೆ ಹೆಣೆಯುತ್ತಿದ್ದೇನೆ. ಅಕ್ರಿಲಿಕ್ ಉಲ್ಲನ್, 5.5 ಮಿ.ಮೀ. ಕೊಕ್ಕೆ ಕಡ್ಡಿ, ಪೂರ್ತಿ ಡಬಲ್ ಕ್ರೋಶಾ (ಕಡ್ಡಿಗೆ ಒಮ್ಮೆ ದಾರ ಸುತ್ತಿಕೊಂಡು ಹಾಕುವ ಎತ್ತರದ ಸ್ಟಿಚ್). 122 ಚೈನ್ (ಕುಣಿಕೆಯೊಳಗೆ ಕುಣಿಕೆ ಎಳೆದ ಸರಪಳಿ) ಹಾಕಿ ಶುರು ಮಾಡಿದ್ದು. ಈಗ ಎರಡೂ ಪಕ್ಕ ಒಳಕ್ಕೆ ಸರಿಯುತ್ತಾ ಬಂದಿದೆ. ಕೆಳಗಿನ ಚೈನ್ ಅಂಚು ಬೇರೆ ಬಿಗಿದುಕೊಂಡು ಬಿಲ್ಲಿನ ಹಾಗೆ ಬಾಗಿದೆ. ನನ್ನ ಕೈ ಬಿಗಿಯಾಗುತ್ತಿದೆಯಾ? ಕೊನೆಯಲ್ಲಿ ಬಾರ್ಡರ್ ಹಾಕಿದರೆ ಇದೆಲ್ಲ ಮುಚ್ಚಿಹೋಗುತ್ತಾ?

ಕಡ್ಡಿಕುಣಿಕೆ:
ಮೊದಲು ಎಣಿಸಿ ನೋಡಿ. ಒಂದನೇ ಸಾಲಿನಲ್ಲಿ ಎಷ್ಟು ಸ್ಟಿಚ್ ಇದೆ, ಈಗಿನ ಸಾಲಿನಲ್ಲಿ ಎಷ್ಟಿದೆ? ಕೈ ಬಿಗಿಯಾಗಿ ಕಿರಿದಾಗಿದ್ದರೆ ಎಣಿಕೆ ಅಷ್ಟೇ ಇರುತ್ತದೆ. ಎಣಿಕೆ ಕಡಿಮೆಯಾಗಿದ್ದರೆ ಎಲ್ಲೋ ಸ್ಟಿಚ್ ಬಿಟ್ಟುಹೋಗುತ್ತಿದೆ. ಎರಡಕ್ಕೂ ಮದ್ದು ಬೇರೆ ಬೇರೆ.

ಉಲ್ಲನ್‌ಬುಟ್ಟಿ:
ಒಂದನೇ ಸಾಲಿನಲ್ಲಿ 120. ಈಗ 21ನೇ ಸಾಲು, ಅದರಲ್ಲಿ 100.

ಕಡ್ಡಿಕುಣಿಕೆ:
ಹಾಗಾದರೆ ಕೈಯದ್ದೇನೂ ತಪ್ಪಿಲ್ಲ. 20 ಸಾಲಿಗೆ 20 ಸ್ಟಿಚ್, ಅಂದರೆ ಸಾಲಿಗೆ ಸರಿಯಾಗಿ ಒಂದೊಂದು ಹೋಗಿದೆ. ಪ್ರತಿ ಸಾಲಿಗೂ ಹೆಣಿಗೆ ತಿರುಗಿಸುತ್ತೀರಲ್ಲ, ಅದಕ್ಕೇ ಒಮ್ಮೆ ಈ ಪಕ್ಕ, ಒಮ್ಮೆ ಆ ಪಕ್ಕ ಕಡಿಮೆಯಾಗಿ ಎರಡೂ ಕಡೆ ಸಮನಾಗಿ ಓರೆಯಾಗಿದೆ. ಒಂದೇ ಪಕ್ಕ ಓರೆಯಾಗಿದ್ದರೆ ಬೇರೆ ಕಾರಣ ಹುಡುಕಬೇಕಿತ್ತು.

ಹೋಗುತ್ತಿರುವುದು ಸಾಲಿನ ಕೊನೆಯ ಸ್ಟಿಚ್. ತಿರುಗಿಸುವಾಗ 3 ಚೈನ್ ಹಾಕುತ್ತೀರಿ ಅಲ್ವಾ? ಅದೇ ಹೊಸ ಸಾಲಿನ ಮೊದಲ ಡಬಲ್ ಕ್ರೋಶಾ ಅಂತ ಲೆಕ್ಕ. ಹಾಗಾಗಿ ಅದರ ಬುಡದಲ್ಲಿರುವ ಸ್ಟಿಚ್ ಬಿಟ್ಟು ಪಕ್ಕದ್ದರಿಂದ ಶುರು ಮಾಡುತ್ತೇವೆ. ಆದರೆ ಸಾಲಿನ ಕೊನೆಗೆ ಬಂದಾಗ, ಹಿಂದಿನ ಸಾಲಿನ ಆ 3 ಚೈನ್‌ನ ತುದಿಯಲ್ಲೂ ಒಂದು ಡಬಲ್ ಕ್ರೋಶಾ ಹಾಕಲೇಬೇಕು. ಅದು ನೋಡಲು ಸ್ಟಿಚ್ ತರಹ ಕಾಣುವುದಿಲ್ಲ. ಸಣ್ಣಗೆ ಮುದುರಿ ಹಿಂದಕ್ಕೆ ಹೋಗಿರುತ್ತದೆ, ಸಾಲು ಮುಗಿಯಿತು ಅನ್ನಿಸಿಬಿಡುತ್ತದೆ.

ತಿರುಗಿಸುವಾಗ ಮೂರನೇ ಚೈನ್ ಹಾಕಿದ ಕೂಡಲೇ ಅದಕ್ಕೊಂದು ಸೇಫ್ಟಿ ಪಿನ್ ಚುಚ್ಚಿ. ಬೇರೆ ಬಣ್ಣದ ದಾರದ ತುಂಡು ಸಿಕ್ಕಿಸಿದರೂ ಸಾಕು. ಮುಂದಿನ ಸಾಲಿನ ಕೊನೆಯ ಸ್ಟಿಚ್ ಅಲ್ಲಿಗೇ. ಕೆಲವು ಸಾಲು ಆದಮೇಲೆ ಕಣ್ಣಿಗೇ ಗೊತ್ತಾಗುತ್ತದೆ, ಆಗ ಪಿನ್ ಬೇಡ.

ಇನ್ನು ಬಾರ್ಡರ್. ಈ ದಪ್ಪದ ಹೆಣಿಗೆಯಲ್ಲಿ 4 ಇಂಚಿಗೆ ಸುಮಾರು 13 ಸ್ಟಿಚ್ ಬರುತ್ತದೆ. 20 ಸ್ಟಿಚ್ ಅಂದರೆ ಹತ್ತಿರ ಹತ್ತಿರ 6 ಇಂಚು. ಅಷ್ಟನ್ನು ಯಾವ ಬಾರ್ಡರೂ ಮುಚ್ಚುವುದಿಲ್ಲ. ಬಿಚ್ಚಿಬಿಡಿ. ಬೇಜಾರಾಗುತ್ತದೆ, ಗೊತ್ತು. ಆದರೆ ಉಲ್ಲನ್ ಎಲ್ಲೂ ಹೋಗುವುದಿಲ್ಲ. ಬಿಚ್ಚುತ್ತಾ ಬಿಚ್ಚುತ್ತಾ ಸಡಿಲವಾಗಿ ಉಂಡೆ ಸುತ್ತಿಕೊಳ್ಳಿ, ಗಂಟಾಗುವುದಿಲ್ಲ.

ದಾರದಂಚು:
ಹೇಗೂ ಬಿಚ್ಚುತ್ತೀರಿ ಅಂದರೆ ಚೈನ್ ಸಮೇತ ಬಿಚ್ಚಿ. ಅಂಚು ಬಾಗಿರುವುದು ಚೈನ್ ಬಿಗಿಯಾದ್ದರಿಂದ. ಚೈನ್ ಮಾತ್ರ 6 ಅಥವಾ 6.5 ಮಿ.ಮೀ. ಕಡ್ಡಿಯಲ್ಲಿ ಹಾಕಿ, ಒಂದನೇ ಸಾಲಿನಿಂದ ಮತ್ತೆ 5.5ಕ್ಕೆ ಬನ್ನಿ. ಕುಣಿಕೆ ಕಡ್ಡಿಯ ಕೊಕ್ಕೆ ಹತ್ತಿರದ ಸಣ್ಣ ಕತ್ತಿನಲ್ಲಿ ಕೂತರೆ ಬಿಗಿಯಾಗುತ್ತದೆ. ದಪ್ಪ ಭಾಗದ ತನಕ ಜಾರಿಸಿಕೊಳ್ಳಿ.

ಪಕ್ಕದಲ್ಲಿ 3 ಚೈನ್ ಹತ್ತಿರ ಸಂದಿ ಕಾಣುವುದು ಇಷ್ಟವಿಲ್ಲದಿದ್ದರೆ ಇನ್ನೊಂದು ದಾರಿ ಇದೆ. ಚೈನ್ ಹಾಕದೆಯೇ ತಿರುಗಿಸಿ. ಮೊದಲ ಸ್ಟಿಚ್‌ಗೆ ಒಂದು ಸಿಂಗಲ್ ಕ್ರೋಶಾ (ಡಬಲ್‌ಗಿಂತ ಗಿಡ್ಡ ಸ್ಟಿಚ್) ಹಾಕಿ, ಆ ಸಿಂಗಲ್‌ನ ಎಡಗಾಲಿಗೆ, ಅಂದರೆ ಎಡಬದಿಯಲ್ಲಿ ನೆಟ್ಟಗಿರುವ ಎಳೆಗೆ, ಕಡ್ಡಿ ತೂರಿಸಿ ಇನ್ನೊಂದು ಸಿಂಗಲ್ ಹಾಕಿ. ಎರಡೂ ಸೇರಿ ಒಂದು ಡಬಲ್‌ನಷ್ಟು ಎತ್ತರ ಬರುತ್ತದೆ, ಅಂಚೂ ತುಂಬಿಕೊಂಡು ನೀಟಾಗಿರುತ್ತದೆ. ಕೊನೆಯ ಸ್ಟಿಚ್ ಕೂಡ ಸುಲಭವಾಗಿ ಕಾಣುತ್ತದೆ. ನನಗಂತೂ ದೊಡ್ಡ ಹೊದಿಕೆಗೆ ಇದೇ ಇಷ್ಟ.

ಉಲ್ಲನ್‌ಬುಟ್ಟಿ:
ತುಂಬಾ ಥ್ಯಾಂಕ್ಸ್, ಇಬ್ಬರಿಗೂ. ಎಲ್ಲ ಬಿಚ್ಚಿ ದೊಡ್ಡ ಕಡ್ಡಿಯಲ್ಲಿ ಚೈನ್ ಹಾಕಿದೆ. ಪಿನ್ ಇಟ್ಟುಕೊಂಡೇ ಹೆಣೆಯುತ್ತಿದ್ದೇನೆ, ಪ್ರತಿ ಸಾಲಿನಲ್ಲೂ 120 ನಿಲ್ಲುತ್ತಿದೆ! ಕೆಳಗಿನ ಅಂಚೂ ನೇರವಾಗಿದೆ. ಕೊನೆಯಲ್ಲಿ ಸಿಂಗಲ್ ಕ್ರೋಶಾ ಬಾರ್ಡರ್ ಹಾಕಬೇಕು ಅಂತಿದೆ. ಪಕ್ಕದ ಅಂಚಿನಲ್ಲಿ ಸ್ಟಿಚ್ ಲೆಕ್ಕ ಹೇಗೆ?

ಕಡ್ಡಿಕುಣಿಕೆ:
ಭೇಷ್! ಪಕ್ಕದಲ್ಲಿ ಒಂದೊಂದು ಡಬಲ್ ಸಾಲಿಗೆ 2 ಸಿಂಗಲ್, ಮೂಲೆಗೆ 3. ಒಂದು ಪಕ್ಕ ಅರ್ಧ ಹಾಕಿದ ಮೇಲೆ ನೆಲದ ಮೇಲೆ ಹಾಸಿ ನೋಡಿ. ಅಂಚು ಅಲೆ ಅಲೆಯಾಗಿ ಎದ್ದಿದ್ದರೆ ಸ್ಟಿಚ್ ಜಾಸ್ತಿಯಾಗಿದೆ, ಅಲ್ಲಲ್ಲಿ ಒಂದು ಬಿಡಿ. ಒಳಕ್ಕೆ ಎಳೆದುಕೊಂಡಿದ್ದರೆ ಕಡಿಮೆಯಾಗಿದೆ, ಅಲ್ಲಲ್ಲಿ ಒಂದು ಸೇರಿಸಿ. ಅಲೆ ಎದ್ದಿದ್ದನ್ನು ಇಸ್ತ್ರಿ ಮಾಡಿ ಕೂರಿಸಲು ಮಾತ್ರ ಹೋಗಬೇಡಿ. ಬಿಸಿ ಇಸ್ತ್ರಿ ತಾಗಿದರೆ ಅಕ್ರಿಲಿಕ್ ಕರಗಿ ಚಪ್ಪಟೆಯಾಗುತ್ತದೆ, ಮತ್ತೆ ಮೊದಲಿನಂತಾಗುವುದಿಲ್ಲ.