ಅಪ್‌ಡೇಟ್: ಮಿಲಿಟರಿ ಮನೆತನದ ಹುಡುಗನ ಮೇಲೆ ಎಫ್‌ಐಆರ್ ಆಯ್ತು (ಹಾಸನ)

ಬೇಲೂರು ರಸ್ತೆಯಲ್ಲಿ ತಮ್ಮನ ಸ್ಕೂಟರ್‌ಗೆ ಕಾರು ಗುದ್ದಿ ಕಾಲು ಮುರಿದವನ ತಾತ, ಚಿಕ್ಕಪ್ಪ ಸೇನೆಯ ದೊಡ್ಡ ಅಧಿಕಾರಿಗಳು ಅಂತ ಠಾಣೆಯಲ್ಲಿ ಕೇಸೇ ತಗೋತಿಲ್ಲ ಅಂದಿದ್ದೆನಲ್ಲ, ಕೊನೆಗೂ ಎಫ್‌ಐಆರ್ ಆಯ್ತು.

ಕೈ ಹಿಡಿದಿದ್ದು ಬಿಎನ್‌ಎಸ್‌ಎಸ್ (ಸಿಆರ್‌ಪಿಸಿ ಬದಲು ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ) ಕಲಂ 173(4) ಹೇಳಿದವರ ಸಲಹೆ. ಠಾಣೆ ತಗೊಳ್ಳದ ದೂರನ್ನೇ ಎಸ್‌ಪಿಗೆ ಸ್ಪೀಡ್ ಪೋಸ್ಟ್ ಮಾಡಿ. ರಸೀದಿ, ಡೆಲಿವರಿ ಪ್ರಿಂಟ್ ಜೋಪಾನ. ಎಸ್‌ಪಿ ಸುಮ್ಮನಿದ್ರೆ 175(3)ರಡಿ ಮ್ಯಾಜಿಸ್ಟ್ರೇಟ್ ಮುಂದೆ ಅವೇ ಆಧಾರ. ಅಲ್ಲಿ ಅಫಿಡವಿಟ್ ಇಲ್ಲದ ಅರ್ಜಿ ನಿಲ್ಲಲ್ಲ. ಹತ್ತಿರದ ಪೆಟ್ರೋಲ್ ಬಂಕಿನ ಸಿಸಿಟಿವಿ ವಶಕ್ಕೆ ತಗೊಳ್ಳಿ ಅಂತಲೂ ದೂರಲ್ಲೇ ಬರೀರಿ, ಡಿವಿಆರ್ (ಸಿಸಿಟಿವಿ ದೃಶ್ಯ ಉಳಿಸೋ ಯಂತ್ರ) ಹಳೇದನ್ನ ತಾನೇ ಅಳಿಸುತ್ತೆ.

ಆ ಹುಡುಗನ ಚಿಕ್ಕಪ್ಪನ ಸೇನಾ ಯೂನಿಟ್‌ಗೆ ಬರೆದಿದ್ದು ದಂಡ. ಆಶ್ಚರ್ಯ ಅಂದ್ರೆ, ಠಾಣೆಯಲ್ಲಿ 'ಆರ್ಮಿ ಮ್ಯಾಟರ್' ಅಂದಿದ್ದೇ ಬೊಗಳೆ: ಹುಡುಗ ಸಿವಿಲಿಯನ್, 1950ರ ಸೇನಾ ಕಾಯ್ದೆ ಅಧಿಕಾರಿಗಳ ಮನೆಮಂದಿಗೆಲ್ಲ ರಕ್ಷಣೆ ಕೊಡಲ್ಲ.